ಹಗುರಂಟು ಸವರಿದ ಮೈ

ಹೊಳೆಗೆ ಸೇತುವೆ ಕಟ್ಟುತ್ತಿದ್ದ ಕಾಲ. ಆ ಊರಿನಲ್ಲಿ ಎಷ್ಟು ದೊಡ್ಡ ಕಲ್ಲಾದರೂ ಇಬ್ಬರು ಹೆಂಗಸರು ಹರಟೆ ಹೊಡೆಯುತ್ತಾ ಹೊತ್ತುಕೊಂಡು ಹೋಗುತ್ತಿದ್ದರು. ಅದೆಲ್ಲ ಹಗುರಂಟಿನ ಮಹಿಮೆ. ಕೆರೆಯ ತಳದ ನೀಲಿ ಕೆಸರನ್ನು ಕೊಪ್ಪರಿಗೆಯಲ್ಲಿ ಕುದಿಸಿದರೆ ಗಟ್ಟಿ ಜೇನಿನಂಥ ಅಂಟು ಉಳಿಯುತ್ತಿತ್ತು. ತೆಳ್ಳಗೆ ಸವರಿದರೆ ಸಾಕು, ಕಲ್ಲಾಗಲಿ ದಿಮ್ಮಿಯಾಗಲಿ ಹತ್ತಿಯ ಮೂಟೆಯಷ್ಟು ಹಗುರ. ಬಿಸಿನೀರು ಸುರಿದರೆ ಅಂಟು ತೊಳೆದುಹೋಗಿ ಭಾರ ಮರಳುತ್ತಿತ್ತು. ಮೈಗೆ ಮಾತ್ರ ತಾಗಿಸಬಾರದು ಎಂದು ಎಲ್ಲರೂ ಹೇಳುತ್ತಿದ್ದರು. ಯಾಕೆ ಎಂದು ಕೇಳಿದರೆ ಯಾರಿಗೂ ನೆಟ್ಟಗೆ ಗೊತ್ತಿರಲಿಲ್ಲ.

ಕಲ್ಲಿಗೆ ಅಂಟು ಸವರುವವರಲ್ಲಿ ಒಬ್ಬ ಸೊಸೆಯಿದ್ದಳು. ಅವಳ ಗಂಡ ಸೇತುವೆಯ ಮೇಸ್ತ್ರಿ, ಆಚೆ ದಡದಲ್ಲೇ ಬಿಡಾರ, ರಜೆಯಿದ್ದಾಗ ಮಾತ್ರ ಮನೆಗೆ ಬರುತ್ತಿದ್ದ. ಮನೆಯಲ್ಲಿ ಅತ್ತೆ. ಆಕೆಯ ದನಿ ನಾಲ್ಕು ಬೀದಿಗೆ ಕೇಳುತ್ತಿದ್ದುದರಿಂದ ಎಲ್ಲರೂ ಗುಡುಗಮ್ಮ ಅನ್ನುತ್ತಿದ್ದರು. ಮೆಟ್ಟಿಲಲ್ಲಿ ಜಾರಿ ಸೊಂಟ ಮುರಿದುಕೊಂಡ ಮೇಲೆ ಗುಡುಗಮ್ಮ ಹಾಸಿಗೆ ಹಿಡಿದರು. ದೊಡ್ಡ ಮೈ. ಎತ್ತಿ ಕೂರಿಸುವುದು, ಹೊರಳಿಸುವುದು, ಸ್ನಾನ ಮಾಡಿಸುವುದು ಎಲ್ಲ ಸೊಸೆಯೊಬ್ಬಳ ಕೈಮೇಲೆಯೇ.

ಒಂದು ಬೆಳಿಗ್ಗೆ ಎತ್ತುವಾಗ ಸೊಸೆಯ ಬೆನ್ನು ಹಿಡಿದುಕೊಂಡಿತು. ಇಬ್ಬರೂ ನೆಲಕ್ಕೆ ಬಿದ್ದರು. ಬೈಗುಳ ಬರುತ್ತದೆಂದು ಸೊಸೆ ಕಾದಳು. ಬರಲಿಲ್ಲ. ಗುಡುಗಮ್ಮ ಗೋಡೆಯ ಕಡೆ ಮುಖ ತಿರುಗಿಸಿ, "ಭೂಮಿಗೂ ಭಾರ ಆದೆ, ನಿಂಗೂ ಭಾರ ಆದೆ" ಅಂದರು, ಅಷ್ಟೇ. ಆ ಮೆತ್ತನೆ ದನಿ ಕೇಳಿ ಸೊಸೆಗೆ ತಡೆಯಲಾಗಲಿಲ್ಲ. ಅವತ್ತು ಸಂಜೆ ಊಟದ ಡಬ್ಬಿಯಲ್ಲಿ ಒಂದು ಉಂಡೆ ಹಗುರಂಟು ತಂದಳು.

"ಅದು ಕಲ್ಲಿಗೆ ಕಣೇ, ಮನುಷ್ಯರಿಗಲ್ಲ."

"ನೀವೇನು ಕಲ್ಲಿಗಿಂತ ಕಮ್ಮಿನಾ ಅತ್ತೆ? ಸುಮ್ನೆ ಬೆನ್ನು ಕೊಡಿ."

ಗುಡುಗಮ್ಮ ನಕ್ಕು ಬೆನ್ನು ಕೊಟ್ಟರು. ಸೊಸೆ ಕಲ್ಲಿಗೆ ಸವರುವ ಕುಂಚದಿಂದಲೇ ಮೈಗೆಲ್ಲ ಸವರಿದಳು.

ಮೊದಲ ದಿನ ಹಬ್ಬದ ಹಾಗಿತ್ತು. ಸೊಸೆ ಒಂದೇ ಕೈಯಲ್ಲಿ ಎತ್ತಿ ನಿಲ್ಲಿಸಿದಳು. ಸೊಂಟದ ಮೇಲೆ ಭಾರವೇ ಇಲ್ಲದ ಮೇಲೆ ನೋವೆಲ್ಲಿ? ಗುಡುಗಮ್ಮ ಹೆಬ್ಬೆರಳು ಊರಿ, ಗೋಡೆ ಹಿಡಿದು, ಮನೆಯೆಲ್ಲ ತೇಲಿಕೊಂಡು ಓಡಾಡಿದರು. ಅಟ್ಟದ ಮೇಲಿನ ಪಾತ್ರೆಗಳನ್ನು ಏಣಿಯಿಲ್ಲದೆ ಇಳಿಸಿದರು. ನೋಡಲು ಬಂದ ನೆರೆಯವರಿಗೆ, "ಈಗ ನನ್ನ ಕಾಲು ನಿಜವಾಗ್ಲೂ ನೆಲದ ಮೇಲೆ ನಿಲ್ತಿಲ್ಲ!" ಎಂದು ಗುಡುಗಿದರು.

ಆದರೆ ಕೂತರೆ ಕೂರಲಾಗಲಿಲ್ಲ, ಮೈ ಮೇಲೆದ್ದುಬಿಡುತ್ತಿತ್ತು. ಮಲಗಿದರೆ ಹಾಸಿಗೆ ಬೆನ್ನಿಗೆ ಸಿಗಲಿಲ್ಲ. ಕಂಬಳಿಯಿಂದ ಮಂಚಕ್ಕೆ ಕಟ್ಟಿದರೂ ನಿದ್ದೆ ಹತ್ತಲಿಲ್ಲ. ಬಿಸಿನೀರು ಹುಯ್ದರೆ ಚರ್ಮ ಕೆಂಪಾಯಿತೇ ಹೊರತು ಭಾರ ಬರಲಿಲ್ಲ. ಗುಡುಗಮ್ಮ ಸುತ್ತತೊಡಗಿದರು. ಅಡುಗೆಮನೆಯಿಂದ ಪಡಸಾಲೆಗೆ, ಪಡಸಾಲೆಯಿಂದ ಬಚ್ಚಲಿಗೆ. ಡಬ್ಬಿ ತೆಗೆಯುವುದು, ಮುಚ್ಚುವುದು. ಮಾತು ಶುರು ಮಾಡಿ ಅರ್ಧಕ್ಕೇ ಬಿಡುವುದು. ಒಂದು ತುತ್ತು ಬಾಯಿಗಿಟ್ಟು ತಟ್ಟೆ ಸರಿಸುವುದು.

"ಅಂತರಪಿಶಾಚಿ ಆಗ್ಬಿಟ್ಟೆ ಕಣೇ," ಅನ್ನುತ್ತಿದ್ದರು.

ಸೊಸೆಗೂ ಆ ಚಡಪಡಿಕೆ ಅಂಟಿಕೊಂಡಿತು. ಕೆಲಸದ ಜಾಗದಲ್ಲಿ ಗಾಳಿ ಬೀಸಿದರೆ ಕಿಟಕಿ ಹಾಕಿದೆನೋ ಇಲ್ಲವೋ ಎಂದು ಮನೆಯ ಕಡೆಗೇ ನೋಡುತ್ತಿದ್ದಳು. ಸವರಿದ ಕಲ್ಲನ್ನೇ ಮತ್ತೆ ಸವರುತ್ತಿದ್ದಳು. ಊಟದ ಹೊತ್ತಿಗೆ ಮನೆಗೆ ಓಡಿ, ಅತ್ತೆಯನ್ನು ಕಣ್ಣಾರೆ ಕಂಡು, ಉಣ್ಣದೆ ವಾಪಸ್ಸು ಓಡುತ್ತಿದ್ದಳು. ರಜೆಗೆ ಬಂದ ಗಂಡನಿಗೆ ಮಾತ್ರ ಖುಷಿ. "ನೋವಿಲ್ವಲ್ಲ ಅಮ್ಮ, ಹೀಗೇ ಇದ್ಬಿಡು," ಅಂದ. ಗುಡುಗಮ್ಮ ಇನ್ನೊಂದು ಕೋಣೆಗೆ ತೇಲಿಹೋದರು.

ಅವನಿನ್ನೂ ಮನೆಯಲ್ಲಿರುವಾಗಲೇ ಅದು ನಡೆಯಿತು. ಮಧ್ಯಾಹ್ನ ಗುಡುಗಮ್ಮ ಬಟ್ಟೆ ಒಣಹಾಕುವ ನೆಪದಲ್ಲಿ ಮಹಡಿಗೆ ಹೋದರು. ಗಾಳಿಯ ಒಂದು ಹೊಡೆತಕ್ಕೆ ಕಟ್ಟೆ ದಾಟಿ ಬೀದಿಯ ಮೇಲಕ್ಕೆ ಹೋದರು. ಸೆರಗು ಬಟ್ಟೆಯ ತಂತಿಗೆ ಸಿಕ್ಕಿಕೊಂಡಿತು. ಸೊಸೆ ಓಡಿಬಂದು ಸೆರಗು ಹಿಡಿದಳು, ಗಂಡ ಸೊಸೆಯ ಸೊಂಟ ಹಿಡಿದ. ಇಬ್ಬರೂ ಸೇರಿ ಎಳೆದು ಇಳಿಸಿದರು. ಗುಡುಗಮ್ಮನ ಹಲ್ಲು ಕಟಕಟ ಅನ್ನುತ್ತಿತ್ತು.

"ಬೀಳ್ತೀನಿ ಅನ್ನೋ ಹೆದರಿಕೆ ಅಲ್ಲ ಕಣೋ. ಬೀಳೋದೇ ಇಲ್ವಲ್ಲ ಅಂತ ಹೆದರಿಕೆ."

ಮಗ ಹಗ್ಗ ತಂದ. ತಾನೇ ತಾಯಿಯನ್ನು ಹೆಗಲಿಗೆ ಕಟ್ಟಿಕೊಂಡು ಅಂಟು ಕುದಿಸುವ ಮನೆಗೆ ನಡೆದ, ಸೊಸೆ ಹಿಂದೆಯೇ ಬಂದಳು. ಅಲ್ಲಿನ ಯಜಮಾನಿ ಗುಡುಗಮ್ಮನ ತೋಳು ಹಿಚುಕಿ ನೋಡಿ, ಸೊಸೆಯ ಕಡೆ ಕಣ್ಣು ಕೆಂಪು ಮಾಡಿದಳು.

"ಚರ್ಮದೊಳಗೆ ಇಳಿದಿದೆ. ನೀರು ಹೊರಗಿಂದ ತೊಳೆಯುತ್ತೆ, ಒಳಗಿಂದ ತೊಳೆಯೋದು ಬೆವರೊಂದೇ. ದುಡಿದು ಬೆವರಬೇಕು. ಆದ್ರೆ ಗುಡುಗಮ್ಮ, ಭಾರ ಬಂದ್ರೆ ನೋವೂ ಜೊತೆಗೇ ಬರುತ್ತೆ."

"ಬರ್ಲಿ. ನೋವಿದ್ದಾಗ ನಿದ್ದೆನಾದ್ರೂ ಬರ್ತಿತ್ತು."

ಕೊಪ್ಪರಿಗೆಯ ಪಕ್ಕ ಬೆಂಚು ಹಾಕಿ, ಗುಡುಗಮ್ಮನನ್ನು ಕಂಬಕ್ಕೆ ಸಡಿಲ ಹಗ್ಗದಿಂದ ಕಟ್ಟಿ, ಕೈಗೆ ಉದ್ದನೆಯ ಹುಟ್ಟು ಕೊಟ್ಟರು. ಒಲೆಯ ಝಳದಲ್ಲಿ ಕೆಸರು ತಿರುವುವುದೇ ಕೆಲಸ. ಮೊದಮೊದಲು ತಿರುವಿದಷ್ಟೂ ಹುಟ್ಟಿನ ಸುತ್ತ ಅವರೇ ತಿರುಗುತ್ತಿದ್ದರು. ಕುದಿಸುವವರು ನಕ್ಕರು, ಗುಡುಗಮ್ಮ ಅವರ ಏಳು ತಲೆಮಾರನ್ನೂ ಬೈದರು, ಬೈದು ಬೆವರಿದರು. ಬೆವರು ನೀಲಿಯಾಗಿತ್ತು. ಸೊಸೆ ದಿನಾ ಕೆಲಸ ಬಿಟ್ಟೊಡನೆ ಬಂದು ಒರೆಸುತ್ತಿದ್ದಳು. "ಸಾಕಾ ಅತ್ತೆ?" ಎಂದು ಕೇಳಿದರೆ "ಸುಮ್ನಿರೇ" ಎಂಬ ಉತ್ತರ.

ಬಟ್ಟೆಗೆ ನೀಲಿ ಹತ್ತುವುದು ನಿಂತ ದಿನ ಕೂತಿದ್ದ ಬೆಂಚು ಕಿರ್ ಎಂದಿತು. ಮರುಕ್ಷಣ ಗುಡುಗಮ್ಮ ಕೂಗಿದ ಕೂಗಿಗೆ ಒಲೆಯವರೆಲ್ಲ ತಿರುಗಿ ನೋಡಿದರು. ಸೊಂಟದ ನೋವು ಒಂದೇ ಏಟಿಗೆ ಬಂದಿತ್ತು. ಕಣ್ಣಲ್ಲಿ ನೀರು, ಬಾಯಲ್ಲಿ ನಗು. "ಬಂತು ಕಣೇ! ಅಯ್ಯೋ, ಬಂತು!"

ತಳ್ಳುಗಾಡಿಯಲ್ಲಿ ಮನೆಗೆ ತಂದರು. ಮಂಚಕ್ಕೆ ಇಳಿಸಲು ರಜೆ ಮುಂದುವರಿಸಿ ಉಳಿದಿದ್ದ ಗಂಡ, ಹೆಂಡತಿ ಇಬ್ಬರೂ ಬೇಕಾಯಿತು. ಸೇತುವೆಯ ಉಸ್ತುವಾರಿಯವನಿಗೆ ಹೇಳಿ ಈಚೆ ದಡಕ್ಕೇ ಕೆಲಸ ಬದಲಿಸಿಕೊಳ್ಳುತ್ತೇನೆ ಎಂದು ಗಂಡ ಏದುಸಿರಿನಲ್ಲೇ ಹೇಳಿದ. ಬಾಗಿಲು ಹಿಡಿದು ಒಂದಿಷ್ಟು ಹೊತ್ತು ನಿಲ್ಲುವುದಕ್ಕಿಂತ ಹೆಚ್ಚು ಗುಡುಗಮ್ಮನಿಗೆ ಆಮೇಲೆ ಎಂದೂ ಆಗಲಿಲ್ಲ.

ಅವತ್ತು ಹಾಸಿಗೆ ಕುಸಿದು ಬೆನ್ನನ್ನು ತುಂಬಿಕೊಂಡಿತು. ಗೊರಕೆ ಶುರುವಾಯಿತು. ಬೆಳಗಾಗುವ ಹೊತ್ತಿಗೆ ನಿದ್ದೆಯಲ್ಲಿ ಹೊರಳಿದ ತೋಳು ಪಕ್ಕದಲ್ಲಿ ಕೂತಿದ್ದ ಸೊಸೆಯ ತೊಡೆಯ ಮೇಲೆ ದೊಪ್ಪೆಂದು ಬಿತ್ತು. ಕೆಲಸಕ್ಕೆ ಕರೆಯುವ ಗಂಟೆ ಹೊಡೆಯಿತು. ಕಾಲು ಜೋಮು ಹಿಡಿಯುತ್ತಿದ್ದರೂ ಸೊಸೆ ಏಳಲಿಲ್ಲ.