ಸ್ವೆಟರಿನ ತೋಳು

ಹೋಗಬೇಡ ಅಂದ್ರೆ ಹೋಗಬೇಡ, ಅಷ್ಟೇ — ಅಷ್ಟೇ ಅಂದ್ರೆ ಏನಪ್ಪಾ, ನಾನೇನು ನೀನು ಬೋನಿಗೆ ಹಾಕಿದ ನಾಯಿನಾ, ಮಗಳ ಬಾಯಿ ಜೋರು, ತನ್ನದೇ ಬಾಯಿ, ಬೇರೆ ಎಲ್ಲಿಂದ ಬರಬೇಕು, ಅವನು ಮೇಜಿಗೆ ಗುದ್ದಿದ, ಚಹಾ ತುಳುಕಿತು, ಅವಳು ಚಪ್ಪಲಿ ಮೆಟ್ಟುತ್ತಿದ್ದಾಳೆ, ಔಷಧಿ ಅಂಗಡಿಯ ಸಂಜೆ ಪಾಳಿ, ಗೋದಾಮಿನ ಹಿಂದಿನ ಓಣಿಯಲ್ಲೇ ನಡೆದು ಹೋಗುತ್ತಾಳೆ, ಆ ಓಣಿಗೆ ಎರಡು ಕಡೆಯೂ ಗೋಡೆ, ಹೇಳಿಬಿಡಬೇಕು, ನಾಲಿಗೆಗೆ ಬರುತ್ತಿರುವುದು ಬೈಗುಳ ಮಾತ್ರ. ನನ್ನ ಹಳದಿ ಸ್ವೆಟರ್ ಎಲ್ಲಿ, ಚಳಿ ಇದೆ, ಅದನ್ನಾದ್ರೂ ಕೊಡು — ಸ್ವೆಟರ್! ನಾಯಿಕಾಳಗ ನಡೆಸುವವನ ಹಿತ್ತಿಲಿನಿಂದ ಜಪ್ತಿ ಮಾಡಿ ತಂದ ಕಪ್ಪು ನಾಯಿ, ಅರ್ಧ ಕಿವಿ ಇಲ್ಲ, ಯಾರು ಹತ್ತಿರ ಹೋದರೂ ಮೂಲೆಗೆ ಅಂಟಿಕೊಂಡು ಉಚ್ಚೆ ಹೊಯ್ದುಕೊಳ್ಳುತ್ತಿತ್ತು, ಪ್ರಾಣಿಹಿಂಸೆಯ ಕೇಸು ಹಿಡಿಯುವ ತನ್ನಂಥವರೆಲ್ಲ ಮಾಡುವುದೇ ಅದು, ಯಾರಾದರೂ ತೊಟ್ಟುಬಿಟ್ಟ ಬಟ್ಟೆಯನ್ನು ಬೋನಿಗೆ ಹಾಕುವುದು, ಮನುಷ್ಯರ ವಾಸನೆ ಅಂದರೆ ಬರೀ ಏಟಲ್ಲ ಅಂತ ಅದಕ್ಕೂ ಗೊತ್ತಾಗಲಿ, ತನ್ನ ಅಂಗಿ ಹಾಕಿದ್ದರೆ ಸಾಕಿತ್ತು, ಜೀಪಿನ ಹಿಂದಿನ ಸೀಟಿನಲ್ಲಿ ಇವಳ ಸ್ವೆಟರ್ ಬಿದ್ದಿತ್ತು, ಕೈಗೆ ಸಿಕ್ಕಿದ್ದನ್ನು ಎಸೆದ, ನಾಯಿ ಅದರ ಮೇಲೆ ಮೂತಿಯಿಟ್ಟು ಮಲಗಿತು, ಆಮೇಲೆ ಅದಿಲ್ಲದೆ ನಿದ್ದೆಯೇ ಮಾಡದು, ಎಷ್ಟು ಬೀಗಿದ್ದ, ಕತ್ತೆ, ಅಡ್ಡಕತ್ತೆ, — ಇವತ್ತು ಬೆಳಿಗ್ಗೆ ಕೋರ್ಟು ನಾಯಿಯನ್ನು ಮಾಲೀಕನಿಗೇ ಕೊಡಿ ಅಂದಿತು. ಆ ನಾಯಿಕಾಳಗದವನು ವ್ಯಾನ್ ತಂದಿದ್ದ. ನಾಯಿ ಸ್ವೆಟರ್ ಕಚ್ಚಿಕೊಂಡೇ ಹೊರಗೆ ಬಂತು, ಅವನು ಕಿತ್ತುಕೊಂಡು ಮೂಸಿದ, ನಕ್ಕ, ಇದು ನಿಮ್ಮ ಅಳತೇದಲ್ಲ ಸಾರ್, ಮನೇಲಿ ಹೆಣ್ಮಕ್ಕಳಿದ್ದಾರೇನೋ, ಇರಲಿ ಬಿಡಿ, ಇವನಿಗೆ ತುಂಬಾ ಹಿಡಿಸಿದೆ, ಎಲ್ಲಿದ್ರೂ ಹುಡುಕ್ತಾನೆ. ಧಡ್ ಎಂದು ವ್ಯಾನಿನ ಬಾಗಿಲು, ಒಂದು ಹಳದಿ ತೋಳು ಸಂದಿಗೆ ಸಿಕ್ಕಿ ಹೊರಗೇ ಉಳಿಯಿತು, ತಿರುವಿನವರೆಗೂ ಅಲ್ಲಾಡುತ್ತಾ ಹೋಯಿತು, ಹೋಗಿ ಬರ್ತೀನಿ ಅನ್ನುವ ಹಾಗೆ. ನಾಯಿ ಕಚ್ಚುವುದಿಲ್ಲ, ತನಗೆ ಗೊತ್ತು, ಹೆದರಿಕೆ ಅದೇ, ಬಾಲ ಬಡಿಯುತ್ತಾ ಬರುತ್ತದೆ, ಬಾರೋ ಕರಿಯಾ ಅಂತ ಇವಳೂ ಬಗ್ಗುತ್ತಾಳೆ, ಹಗ್ಗದ ಇನ್ನೊಂದು ತುದಿಯಲ್ಲಿ ಅವನು. ಅಪ್ಪಾ, ಕಾರಣ ಹೇಳು, ಹೋಗಲ್ಲ, ಇಲ್ಲೇ ಕೂತ್ಕೋತೀನಿ, ಎಷ್ಟು ಮೆತ್ತಗೆ ಕೇಳಿದಳು, ಹೇಳು, ಹೇಳೋ, ನಿನ್ನ ವಾಸನೇನ ನಾನೇ ಅವನ ಕೈಗೆ ಕೊಟ್ಟೆ ಮಗಳೇ ಅಂತ — ನನ್ನನ್ನೇ ಕಾರಣ ಕೇಳ್ತೀಯಾ, ಹಾಳಾಗಿ ಹೋಗು! ಯಾರು ಅಂದದ್ದು, ತಾನೇ, ಅವಳ ಮುಖ ಬಿಳಿಚಿಕೊಂಡಿತು, ಗೇಟಿನ ಚಿಲಕ ಸದ್ದಾಯಿತು. ಒಂದೇ ಚಪ್ಪಲಿಯಲ್ಲಿ ಓಣಿಯವರೆಗೆ ಓಡಿದ, ಗೋಡೆ, ಗೋಡೆ, ನಡುವೆ ಯಾರೂ ಇಲ್ಲ, ಫೋನ್ ರಿಂಗಾಗುತ್ತಿದೆ, ಎತ್ತುತ್ತಿಲ್ಲ, ಕೋಪಕ್ಕೇ ಎತ್ತುತ್ತಿಲ್ಲ ಅಂತಿರಲಿ ದೇವರೇ, ಅಂಗಡಿಯವನಿಗೆ ಮಾಡಿದ, ಇನ್ನೂ ಬಂದಿಲ್ಲವಲ್ಲ ಸಾರ್, ಟ್ರಾಫಿಕ್ಕಿರಬೇಕು, ನಡೆದು ಹೋಗುವವಳಿಗೆ ಯಾವ ಟ್ರಾಫಿಕ್ಕೋ ಮಾರಾಯ, ಬೀದಿದೀಪ ಹತ್ತಿತು, ಮತ್ತೆ ಮಾಡಿದ, ಇನ್ನೂ ಬಂದಿಲ್ಲ ಸಾರ್, ಈಗ ಅವಳ ಫೋನೂ ರಿಂಗಾಗುತ್ತಿಲ್ಲ, ಚಿಲಕ ಸದ್ದಾಗಲಿ, ಒಂದು ಸಲ ಸದ್ದಾಗಲಿ, ಎಲ್ಲಾ ಹೇಳುತ್ತೇನೆ, ಕಾಲಿಗೆ ಬೇಕಾದರೂ ಬೀಳುತ್ತೇನೆ, ಕಣ್ಣೆದುರು ಅದೇ ವ್ಯಾನು, ಬಾಗಿಲಿನ ಸಂದಿಯಲ್ಲಿ ಹಳದಿ ತೋಳು, ಅಲ್ಲಾಡುತ್ತಾ, ಹಳದಿ ತೋಳು