ಕಾಲು ಮುಂದಾಗಿ ಬಂದವಳು

ನನ್ನ ಅಣ್ಣ ಹೆರೋನಿಮೋನ ಕೈ ಬಹಳ ಹಗುರ ಎಂದು ಊರೆಲ್ಲ ಹೊಗಳುತ್ತಿತ್ತು. ಅವನು ಉಣ್ಣೆ ಕತ್ತರಿಸಲು ಕೂತರೆ ಎಂಥ ಪುಂಡ ಲಾಮಾ ಆದರೂ ಉಗುಳುವುದನ್ನು ಮರೆತು ಸುಮ್ಮನೆ ನಿಲ್ಲುತ್ತಿತ್ತು. ಆ ಕೈ ನನ್ನ ಮಗಳ ತಲೆಯನ್ನೂ ಮುಟ್ಟಿದೆ, ನನ್ನ ತಲೆಯನ್ನೂ ಮುಟ್ಟಿದೆ. ಎರಡನ್ನೂ ಹೇಳುತ್ತೇನೆ. ಅವನು ಒಳ್ಳೆಯವನೋ ಕೆಟ್ಟವನೋ ನೀವೇ ತೀರ್ಮಾನ ಮಾಡಿಕೊಳ್ಳಿ. ನನ್ನ ತೀರ್ಮಾನ ಎಂದೋ ಆಗಿದೆ.

ಮಗಳು ಹುಟ್ಟಿದ್ದು ಆಲೂಗಡ್ಡೆ ಅಗೆಯುವ ಕಾಲದಲ್ಲಿ. ಎಲ್ಲ ಮಕ್ಕಳೂ ತಲೆ ಮುಂದು ಮಾಡಿಕೊಂಡು ಬರುತ್ತವೆ. ಇವಳು ಮೊದಲು ಒಂದು ಪಾದ ಹೊರಗಿಟ್ಟಳು, ಎಷ್ಟೋ ಹೊತ್ತಿನ ಮೇಲೆ ಇನ್ನೊಂದು. ನನ್ನ ಕತೆ ಮುಗಿಯಿತು ಎಂದುಕೊಂಡೆ. ಸೂಲಗಿತ್ತಿ ಮಾತ್ರ ಆ ಪುಟ್ಟ ಪಾದಗಳನ್ನು ಹಿಡಿದುಕೊಂಡು ನಗುತ್ತಿದ್ದಳು. ಅಂಥ ಮಗುವಿಗೆ ನಮ್ಮಲ್ಲಿ ಹೆಸರು ಹುಡುಕುವುದಿಲ್ಲ, ಅದು ಹೆಸರು ಹೊತ್ತುಕೊಂಡೇ ಬಂದಿರುತ್ತದೆ. ಚಕ್ಪಾ. ಕಾಲು ಮುಂದಾಗಿ ಬಂದವಳು ಎಂದು ಅರ್ಥ. ನಮ್ಮ ಕುಲದ ಮೊದಲ ಹಿರಿಯರು ಬೆಟ್ಟದ ಗವಿಯಿಂದ ನಡೆದುಕೊಂಡೇ ಹೊರಗೆ ಬಂದರಂತೆ, ಅವರನ್ನು ಯಾರೂ ಹೆತ್ತಿರಲಿಲ್ಲ, ಯಾರೂ ಎತ್ತಿಕೊಂಡಿರಲಿಲ್ಲ. ಹಾಗೆ ನಡೆದು ಬರುವ ಮಗು ಆ ಗವಿಯ ಕಡೆಯದು, ಅದು ಎಲ್ಲಿ ಕಾಲಿಟ್ಟರೂ ಭೂಮಿ ಗುರುತು ಹಿಡಿಯುತ್ತದೆ ಎಂದು ನನ್ನ ಅಜ್ಜಿ ಹೇಳುತ್ತಿದ್ದಳು. ನಾನೂ ನನ್ನ ಗಂಡನೂ ಐದು ದಿನ ಉಪ್ಪು, ಮೆಣಸಿನಕಾಯಿ ಮುಟ್ಟದೆ ನೇಮ ಹಿಡಿದೆವು.

ಇಗರ್ಜಿಯ ಪುಸ್ತಕದಲ್ಲಿ ಅವಳು ಇನೇಸ್. ಪಾದ್ರಿ ತಲೆಗೆ ನೀರು ಹಾಕಿ ಹಾಗೆಂದು ಬರೆದುಕೊಂಡರು. ಬರೆದುಕೊಳ್ಳಲಿ, ಪುಸ್ತಕ ಅವರದು. ನನ್ನನ್ನೂ ಅದರಲ್ಲಿ ಬೆಯಾತ್ರಿಸ್ ಎಂದು ಬರೆದಿದ್ದಾರೆ. ನನ್ನ ಅವ್ವ ಸಾಯುವವರೆಗೂ ಆ ಹೆಸರನ್ನು ನೆಟ್ಟಗೆ ಹೇಳಲು ಕಲಿಯಲಿಲ್ಲ.

ಆದರೆ ಹೊತ್ತು ತಂದ ಹೆಸರು ತಾನಾಗಿ ನಿಲ್ಲುವುದಿಲ್ಲ. ಹಾಲು ಬಿಡಿಸಿದ ಮೇಲೆ ಸೋದರಮಾವ ಮಗುವಿನ ಮೊದಲ ಕೂದಲು ಕತ್ತರಿಸಿ, ಹೆಸರು ಹಿಡಿದು ಕರೆಯಬೇಕು. ಅಲ್ಲಿಯವರೆಗೆ ಅದು ಬರೀ ಪಾಪು. ಅಪ್ಪ ಕರೆದರೆ ಆಗದು, ಅವ್ವ ಕರೆದರೂ ಆಗದು. ನನ್ನ ಅಜ್ಜಿಯ ಕಾಲದಲ್ಲಿ ಇದಕ್ಕೆ ಊರೆಲ್ಲ ಸೇರಿ ಮೂರು ದಿನ ಕುಡಿದು ಕುಣಿಯುತ್ತಿತ್ತಂತೆ. ನಮ್ಮ ಕಾಲಕ್ಕೆ ಅದೆಲ್ಲ ಕದ್ದು ಮಾಡುವ ಕೆಲಸವಾಗಿತ್ತು. ಇಗರ್ಜಿಯವರು ನಮ್ಮವರನ್ನೆಲ್ಲ ಬೆಟ್ಟದಿಂದ ಇಳಿಸಿ ಕೆಳಗಿನ ಹೊಸ ಊರಲ್ಲಿ ಸಾಲುಸಾಲಾಗಿ ಕೂರಿಸಿ ಐವತ್ತು ವರ್ಷ ಆಗುತ್ತ ಬಂದಿತ್ತು. ಹಾಗಾಗಿ ಒಂದು ಮಧ್ಯಾಹ್ನ ಸೊಪ್ಪು ತರುವ ನೆಪದಲ್ಲಿ ಪಾಳುಬಿದ್ದ ಹಳೇ ಊರಿಗೆ ಹತ್ತಿದೆವು. ನಾನು, ನನ್ನ ಗಂಡ, ಅಣ್ಣ, ಬೆನ್ನಿನ ಮೇಲೆ ಮಗು. ಸೂಲಗಿತ್ತಿ ಅಷ್ಟರಲ್ಲಿ ತೀರಿಕೊಂಡಿದ್ದಳು.

ಅಣ್ಣ ಚಕಮಕಿ ಕಲ್ಲಿನ ಅಲಗಿನಿಂದ ನೆತ್ತಿಯ ಒಂದು ಎಳೆ ಕತ್ತರಿಸಿದ. ಮಗುವಿಗೆ ಕಚಗುಳಿಯಾಯಿತು, ಅದು ಅವನ ಕಿವಿ ಹಿಡಿದು ಎಳೆಯಿತು.

"ನಡ್ಕೊಂಡು ಬಂದೆಯಲ್ಲೇ ತಾಯಿ, ನಿನ್ ಹೆಜ್ಜೆಗೆ ನಾನೇ ಸಾಕ್ಷಿ" ಎಂದ. "ಚಕ್ಪಾ! ಬಿಡೇ ಕಿವೀನ, ಬೇರೆ ಮಾವ ಇಲ್ಲ ನಿಂಗೆ!"

ಹೆಸರಿನ ಜೊತೆಗೆ ಒಂದು ಬಿಳಿ ಲಾಮಾ ಮರಿಯನ್ನೂ ಕೊಟ್ಟ. ಕೂದಲನ್ನು ನಾನು ನೇಯ್ದ ಕೆಂಪು ಚೀಲದಲ್ಲಿ ಹಾಕಿ, ತಂದು ಅಟ್ಟದ ಮೇಲೆ ಇಟ್ಟೆ.

ಆಮೇಲೆ ಗಂಡ ಗಣಿಯ ಬಿಟ್ಟಿ ದುಡಿಮೆಯ ಸರದಿಗೆ ಹೋದ, ವಾಪಸ್ಸು ಬರಲಿಲ್ಲ. ಅಣ್ಣನಿಗೆ ಇಗರ್ಜಿಯ ಕೋಲು ಬಂತು. ಭಾನುವಾರ ಯಾರು ಪೂಜೆಗೆ ಬಂದರು, ಯಾರು ಹೊಲದಲ್ಲಿ ಉಳಿದರು ಎಂದು ಪಾದ್ರಿಗೆ ವರದಿ ಒಪ್ಪಿಸುವ ಕೆಲಸ. ಕೋಲಿನ ತುದಿಗೆ ಬೆಳ್ಳಿಯ ಶಿಲುಬೆ. ಅದು ಕೈಗೆ ಬಂದ ಮೇಲೆ ಅವನ ಬೆನ್ನು ನೆಟ್ಟಗಾಯಿತು.

"ಮಲಗುವಾಗಲೂ ಪಕ್ಕದಲ್ಲಿ ಇಟ್ಕೋತೀಯೇನಣ್ಣ ಅದನ್ನ?" ಎಂದು ನಾನು ರೇಗಿಸುತ್ತಿದ್ದೆ.

"ಇಟ್ಕೋತೀನಿ. ನಿನ್ ಅತ್ತಿಗೆಗಿಂತ ಕಮ್ಮಿ ಮಾತಾಡ್ತದೆ."

ಬೀದಿಯಲ್ಲಿ ಮಗಳನ್ನು ಇನೇಸ್ ಎನ್ನುತ್ತಿದ್ದ. ನಮ್ಮ ಮನೆಯ ಹೊಸ್ತಿಲು ದಾಟಿದ ಕೂಡಲೇ ಚಕ್ಪಾ. ಮಗಳಿಗೂ ಅದೊಂದು ಆಟವಾಗಿತ್ತು. ದಿನಾ ಊಟದ ಹೊತ್ತಿಗೆ ತನ್ನ ಹೆಸರಿನ ಕತೆ ಹೇಳಿಸಿಕೊಳ್ಳದೆ ಬಿಡುತ್ತಿರಲಿಲ್ಲ.

"ಆಮೇಲೆ ಮಾವ ಏನಂದ?"

"ನಿನ್ ಹೆಜ್ಜೆಗೆ ನಾನೇ ಸಾಕ್ಷಿ ಅಂದ."

"ನಾನು ಏನ್ ಮಾಡ್ದೆ?"

"ಕಿವಿ ಎಳೆದೆ, ಕತ್ತೆ."

ಅವಳಿಗೆ ಏಳು ತುಂಬಿದ ವರ್ಷ, ಕೊಯ್ಲು ಮುಗಿದಿತ್ತು, ತಪಾಸಣೆಯ ಪಾದ್ರಿ ಊರಿಗೆ ಬಂದರು. ನಮ್ಮ ಪಾದ್ರಿಗೆ ನಮ್ಮ ಭಾಷೆ ಅರ್ಧಂಬರ್ಧ ಬರುತ್ತಿತ್ತು. ಇವರು ನಮಗಿಂತ ಚೊಕ್ಕವಾಗಿ ಮಾತಾಡುತ್ತಿದ್ದರು. ಊರ ಮುಂದಿನ ಬಯಲಲ್ಲಿ ಮೇಜು ಹಾಕಿಸಿ, ಬರೆಯುವವನನ್ನು ಪಕ್ಕದಲ್ಲಿ ಕೂರಿಸಿಕೊಂಡು ಆಜ್ಞೆ ಓದಿದರು. ಹಳೇ ದೇವರುಗಳನ್ನೂ ಒಣಗಿಸಿಟ್ಟ ಹಿರಿಯರ ಹೆಣಗಳನ್ನೂ ಮೂರು ದಿನದಲ್ಲಿ ತಂದು ಒಪ್ಪಿಸಬೇಕು. ಇನ್ನು ಮುಂದೆ ಯಾರಿಗೂ ಸಿಡಿಲಿನ ಹೆಸರು ಇರಕೂಡದು, ಅವಳಿಗಳಿಗೆ ಇಡುವ ಹೆಸರು ಇರಕೂಡದು, ಚಕ್ಪಾ ಎಂಬ ಹೆಸರು ಇರಕೂಡದು. ಸಂತಿಯಾಗೋ ಎಂದೂ ಇರಕೂಡದಂತೆ! ಅದು ಅವರದೇ ಸಂತನ ಹೆಸರು. ಆ ಸಂತನನ್ನು ನಾವು ಸಿಡಿಲು ಎಂದುಕೊಂಡು ಒಳಗೊಳಗೇ ಕೈಮುಗಿಯುತ್ತೇವೆ ಎಂದು ಅವರಿಗೆ ಗೊತ್ತಾಗಿಹೋಗಿತ್ತು. ಆ ಹೆಸರಿದ್ದವರೆಲ್ಲ ಇವತ್ತಿನಿಂದ ದಿಯೇಗೋ ಆಗತಕ್ಕದ್ದು ಎಂದರು. ಸಂತೆಗೆ ಸಂತಿಯಾಗೋ ಆಗಿ ಹೋಗಿದ್ದ ನಮ್ಮ ಪಕ್ಕದ ಮನೆಯವನು ದಿಯೇಗೋ ಆಗಿ ವಾಪಸ್ಸು ಬಂದ. ನಾವು ನಕ್ಕೆವು. ಮೊದಲ ದಿನ ನಗು ಇನ್ನೂ ಬರುತ್ತಿತ್ತು.

ಮಾರನೆಯ ಬೆಳಗ್ಗೆ ಮನೆ ಮನೆ ಹುಡುಕುತ್ತಾರೆ ಎಂಬ ಸುದ್ದಿ ಬಂತು. ನಾನು ಕೆಂಪು ಚೀಲವನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ಅಣ್ಣನ ಮನೆಗೆ ಓಡಿದೆ.

"ಇದನ್ನ ಮೇಲಿನ ಗವಿಗೆ ಮುಟ್ಟಿಸಿಬಿಡಣ್ಣ. ಕೋಲು ಹಿಡಿದೋನನ್ನ ಯಾರೂ ತಡೆದು ನೋಡಲ್ಲ."

ಅವನು ಚೀಲವನ್ನು ಅಂಗೈಯಲ್ಲಿಟ್ಟು ತೂಗಿ ನೋಡಿದ. ಒಂದು ಎಳೆ ಕೂದಲಿಗೆ ಎಷ್ಟು ಭಾರ ಇದ್ದೀತು?

"ನನ್ ಕೈಗೆ ಕೊಟ್ಟೆಯಲ್ಲ. ಮರೆತುಬಿಡು" ಎಂದ.

ನಾನು ಮರೆತೆ. ಮನೆಗೆ ಬಂದು ಹಾಯಾಗಿ ಒಣ ಆಲೂಗಡ್ಡೆ ನೆನೆಹಾಕಿದೆ. ಈಗ ನೆನಸಿಕೊಂಡರೆ ನನ್ನ ಮೇಲೆ ನನಗೇ ಸಿಟ್ಟು ಬರುತ್ತದೆ.

ಮೂರನೆಯ ದಿನ ನನಗೂ ಮಗಳಿಗೂ ಕರೆ ಬಂತು. ಬಯಲಿಗೆ ಹೋದರೆ ಮೇಜಿನ ಮೇಲೆ ಕೆಂಪು ಚೀಲ ಇತ್ತು. ಅಯ್ಯೋ, ಅಣ್ಣನನ್ನು ಹಿಡಿದರು ಎಂದುಕೊಂಡೆ. ಕಟ್ಟಿಹಾಕಿದ ನಾಲ್ಕಾರು ಜನ ನೆಲದ ಮೇಲೆ ಕೂತಿದ್ದರು. ಅವರ ಮುಖಗಳಲ್ಲಿ ಅವನ ಮುಖ ಹುಡುಕಿದೆ. ಅಲ್ಲಿರಲಿಲ್ಲ. ತಲೆ ಎತ್ತಿದರೆ ತಪಾಸಣೆಯ ಪಾದ್ರಿಯ ಬೆನ್ನ ಹಿಂದೆ ಕೋಲು ಹಿಡಿದು ನಿಂತಿದ್ದ, ಒಗೆದ ಬಟ್ಟೆ, ಬಾಚಿದ ತಲೆ.

ಬರೆಯುವವನು ಎದ್ದು ನಿಂತು ಓದಿದ. ತನ್ನ ತಂಗಿಯ ಅಟ್ಟದಲ್ಲಿ ಈ ಚೀಲ ಸಿಕ್ಕಿತೆಂದು ಹೆರೋನಿಮೋ ತಾನಾಗಿಯೇ ತಂದು ಒಪ್ಪಿಸಿದ್ದಾನೆ. ಕಾಲು ಮುಂದಾಗಿ ಹುಟ್ಟಿದ ಮಗುವನ್ನು ತಂಗಿ ನಿಷೇಧಿತ ಹೆಸರಿನಿಂದ ಕರೆಯುತ್ತಾಳೆ. ಕೂದಲು ಕತ್ತರಿಸಿದ್ದು ತಾನಲ್ಲ, ಆ ವಿಷಯವೇ ತನಗೆ ತಿಳಿಯದು ಎಂದು ಶಿಲುಬೆ ಮುಟ್ಟಿ ಹೇಳಿದ್ದಾನೆ.

ಹಿಡಿದುಕೊಟ್ಟದ್ದನ್ನು ಹೇಗೋ ನುಂಗಿಕೊಳ್ಳುತ್ತಿದ್ದೆನೇನೋ. ಭಯ ಬಿದ್ದ ಎಂದುಕೊಳ್ಳುತ್ತಿದ್ದೆ. ಆದರೆ ಕತ್ತರಿಸಿದ್ದು ನಾನಲ್ಲ ಎಂದನಲ್ಲ, ಅದನ್ನು ನುಂಗಲಾಗಲಿಲ್ಲ. ಮಾವ ಕರೆದರೆ ಮಾತ್ರ ಹೆಸರು. ಮಾವನೇ ಕರೆದಿಲ್ಲ ಎಂದರೆ ನನ್ನ ಮಗಳು ಇನ್ನೂ ಬರೀ ಪಾಪು.

ಪಾದ್ರಿ ನನ್ನ ಕಡೆ ತಿರುಗಿದರು. ಸಿಟ್ಟು ಮಾಡಲಿಲ್ಲ, ಮೆಲ್ಲಗೆ ಮಾತಾಡಿದರು.

"ನೋಡಮ್ಮ, ಸರಿಯಾಗಿ ಕೇಳಿಸಿಕೋ. ಸೋದರಮಾವ ಕೂದಲು ಕತ್ತರಿಸಿ ಹೆಸರು ಇಟ್ಟಿದ್ದರೆ ಇವಳು ಬೆಟ್ಟಕ್ಕೆ ಒಪ್ಪಿಸಿದ ಮಗು. ಅಂಥ ಮಗುವನ್ನು ನಾನು ಇಲ್ಲಿ ಬಿಡಲಾರೆ. ಸಮುದ್ರದ ದಂಡೆಯ ಪಟ್ಟಣದಲ್ಲಿ ಒಳ್ಳೆಯ ಕ್ರೈಸ್ತರ ಮನೆಯಲ್ಲಿ ಬೆಳೆಯುತ್ತಾಳೆ. ಹಾಗೇನೂ ಇಲ್ಲ, ಇದು ಬರೀ ನಿನ್ನ ಮೂಢತನ ಅಂದರೆ ಶಿಕ್ಷೆ ನಿನಗೆ, ಮಗು ನಿನ್ನ ಮನೆಗೆ. ಯಾವುದು ನಿಜ?"

ನಿಜ ಯಾವುದೆಂದು ಅಣ್ಣನಿಗೆ ಗೊತ್ತಿತ್ತು. ಅವನು ಕೋಲಿನ ತುದಿಯನ್ನೇ ನೋಡುತ್ತಿದ್ದ. ನಾನು ಬೆರಳು ತೋರಿಸಿದರೆ ಅವನ ಕೋಲು, ಬೆನ್ನ ಚರ್ಮ ಎರಡೂ ಹೋಗುತ್ತಿದ್ದವು. ಅದರ ಜೊತೆಗೆ ನನ್ನ ಮಗಳೂ ಹೋಗುತ್ತಿದ್ದಳು. ಅವನು ಎಲ್ಲವನ್ನೂ ಯೋಚಿಸಿಯೇ ಬಂದಿದ್ದ. ನನ್ನ ಬಾಯಿಗೆ ಬೀಗ ಹಾಕಿ ಬೀಗದ ಕೈಯನ್ನು ನನ್ನ ಮಗಳ ಕೊರಳಿಗೆ ಕಟ್ಟಿದ್ದ.

ನಾನು ಬಾಯಿ ತೆರೆಯುವ ಮೊದಲೇ ಮಗಳು ಮಾತಾಡಿದಳು.

"ಮಾವ, ನೀನೇ ಅಲ್ವಾ ಕತ್ತರಿಸಿದ್ದು? ನಾನು ನಿನ್ ಕಿವಿ ಎಳೆದ್ನಂತೆ, ಅವ್ವ ಹೇಳ್ತಾಳೆ. ನನ್ ಹೆಜ್ಜೆಗೆ ನೀನೇ ಸಾಕ್ಷಿ ಅಂದ್ಯಂತೆ."

ಬರೆಯುವವನ ಲೇಖನಿ ನಿಂತಿತು. ಪಾದ್ರಿ ಬಗ್ಗಿ ಅವಳ ಗಲ್ಲ ಹಿಡಿದರು. "ಹೌದೇ ಮಗು? ಮಾವ ನಿನ್ನನ್ನು ಏನೆಂದು ಕರೆದ?"

ಅವಳು ಹೇಳಲು ಉಸಿರು ಎಳೆದುಕೊಂಡಳು. ನಾನು ಅವಳ ತೋಳು ಹಿಡಿದು ಜಗ್ಗಿದೆ.

"ಸುಳ್ಳು ಸ್ವಾಮಿ! ಇವಳು ಬರೀ ಸುಳ್ಳಿ. ಊಟ ಮಾಡ್ಲಿ ಅಂತ ನಾನೇ ಕಟ್ಟಿದ ಕತೆ ಅದು. ಮಾವನೂ ಕತ್ತರಿಸಿಲ್ಲ, ಯಾರೂ ಕರೆದಿಲ್ಲ. ನಾನೇ ದಡ್ಡಿ, ಬಿದ್ದ ಕೂದಲು ಎತ್ತಿಟ್ಕೊಂಡೆ. ಇವಳಿಗೆ ಆ ಹೆಸರೇ ಇಲ್ಲ. ಇವಳು ಇನೇಸ್. ನಿಮ್ ಪುಸ್ತಕ ತೆಗೆದು ನೋಡಿ."

ಮಗಳು ನನ್ನ ಮುಖ ನೋಡಿದಳು. ಅತ್ತಿದ್ದರೆ ಚೆನ್ನಾಗಿತ್ತು. ಅಳಲಿಲ್ಲ, ತೋಳು ಮಾತ್ರ ಬಿಡಿಸಿಕೊಂಡಳು.

ಚೀಲವನ್ನು ಬೆಂಕಿಗೆ ಹಾಕಿದರು. ನನಗೆ ತಲೆ ಬೋಳಿಸುವ ಶಿಕ್ಷೆ ಆಯಿತು. ಆ ಕೆಲಸ ಕೋಲಿನವನದು. ಅಣ್ಣ ಕತ್ತರಿ ತಂದ. ಊರೆಲ್ಲ ನೋಡುತ್ತಿರುವಾಗ ನನ್ನ ಎರಡು ಜಡೆಗಳನ್ನು ಬುಡಕ್ಕೆ ಕತ್ತರಿಸಿದ. ಒಂದು ಕಡೆಯೂ ಚರ್ಮಕ್ಕೆ ತಾಗಲಿಲ್ಲ. ಹಗುರ ಕೈ ಎಂದೆನಲ್ಲ.

"ಮಗು ಉಳೀತಲ್ಲ ತಂಗಿ" ಎಂದು ಕಿವಿಯಲ್ಲಿ ಉಸುರಿದ.

"ನಿನ್ ಕೋಲೂ ಉಳೀತು" ಎಂದೆ.

ಮಾರನೆಯ ದಿನ ಹೊತ್ತೇರಿದ ಮೇಲೆ ಒಂದು ಮೂಟೆ ಆಲೂಗಡ್ಡೆ ಹೊತ್ತುಕೊಂಡು ನಮ್ಮ ಅಂಗಳಕ್ಕೆ ಬಂದ. ಕೋಲು ತಂದಿರಲಿಲ್ಲ. ಮಗಳು ಒಲೆಯ ಹತ್ತಿರ ಕೂತು, ಮನೆಯೊಳಗೆ ಸಾಕುವ ಮೊಲದಂಥ ಕುಯ್ ಮರಿಗಳಿಗೆ ಸೊಪ್ಪು ಹಾಕುತ್ತಿದ್ದಳು. ಹಿಂದಿನ ದಿನದಿಂದ ನನ್ನ ಜೊತೆ ಒಂದು ಮಾತೂ ಆಡಿರಲಿಲ್ಲ.

"ನಾನು ಮುಂಚೆ ಹೋಗಿ ಹೇಳ್ದೆ ಇದ್ದಿದ್ರೆ ಇನ್ಯಾರಾದ್ರೂ ಹೇಳೋರು ಕಣೆ" ಎಂದ. "ಆಗ ನಾವು ಮೂರು ಜನಾನೂ ಹೋಗ್ತಿದ್ವಿ. ಲೆಕ್ಕ ಹಾಕಿ ನೋಡು."

"ಯಾರು ಹೇಳೋರು? ಕೂದಲು ಕತ್ತರಿಸಿದಾಗ ಅಲ್ಲಿ ಇದ್ದೋರು ಯಾರ್ ಯಾರು ಹೇಳು. ನಾನು, ನೀನು, ಗಣೀಲಿ ಸತ್ತೋನು. ಅವನು ಎದ್ದು ಬಂದು ಹೇಳ್ತಿದ್ನಾ?"

ಅವನು ಮೂಟೆಯ ಹಗ್ಗ ಬಿಚ್ಚತೊಡಗಿದ.

"ಮುಟ್ಟಬೇಡ. ಎತ್ಕೊಂಡು ನಡಿ. ನಿನ್ ಲಾಮಾನೂ ಹೊಡ್ಕೊಂಡು ಹೋಗು." ಅವನ ಎದುರಿಗೇ, ಊರಿಗೆಲ್ಲ ಕೇಳುವಂತೆ, ಅವನು ಇಲ್ಲವೆಂದ ಹೆಸರನ್ನು ಕೂಗಿ ಕರೆಯಬೇಕು ಅನ್ನಿಸಿತು. "ಚಕ್ಪಾ! ಆ ಬಿಳಿ ಲಾಮಾನ ಬಿಚ್ಚಿ ನಿನ್ ಮಾವನ ಕೈಗೆ ಕೊಡು!"

ಮಗಳು ಕದಲಲಿಲ್ಲ. ಮರಿಗಳು ಸೊಪ್ಪು ಅಗಿಯುತ್ತಿದ್ದವು.

"ಚಕ್ಪಾ, ನಿನ್ನನ್ನೇ ಕಣೆ ಕರೆದಿದ್ದು."

"ಹಂಗಂತ ಯಾರೂ ಇಲ್ಲ ಇಲ್ಲಿ" ಎಂದಳು, ತಿರುಗದೆ. "ಅದು ಊಟ ಮಾಡ್ಲಿ ಅಂತ ನೀನು ಕಟ್ಟಿದ ಕತೆ."

ನಾನು ಬೋಳುತಲೆಯ ಮೇಲೆ ಶಾಲು ಎಳೆದುಕೊಂಡೆ. ಅಣ್ಣ ಒಂದು ಸಲ ಇಲ್ಲ ಎಂದಿದ್ದ, ನಾನೂ ಒಂದು ಸಲ ಇಲ್ಲ ಎಂದಿದ್ದೆ. ಏಳು ವರ್ಷದ ಮಗುವಿಗೆ ಇಬ್ಬರೂ ಒಂದೇ. ನಿನ್ನನ್ನು ಉಳಿಸಿಕೊಳ್ಳೋಕೆ ಹಾಗೆ ಅಂದೆ ಕಣೆ ಎಂದು ಹೇಳಬಹುದಿತ್ತು. ಆದರೆ ಅಣ್ಣ ಆಗಷ್ಟೇ ನನಗೆ ಹೇಳಿದ ಮಾತೂ ಅದೇ ಆಗಿತ್ತು.

ಆಮೇಲೆ, "ಇನೇಸ್" ಎಂದು ಕರೆದೆ.

"ಏನವ್ವ?" ಎಂದಳು, ಎದ್ದು ಬಂದಳು.