ಜಾರಿದ ಮಣ್ಣು

ಈ ಗುಡ್ಡದಲ್ಲಿ ಹೊಲವನ್ನು ಉಳುವುದಕ್ಕಿಂತ ಮೊದಲು ಹೊರಬೇಕು. ಮಳೆಗಾಲದಲ್ಲಿ ಮೇಲಿನ ಹೊಲದ ಮಣ್ಣು ಕೆಳಗಿನ ಹೊಲಕ್ಕೆ ಜಾರುತ್ತದೆ. ಬಿತ್ತನೆಗೆ ಮುಂಚೆ ಮನೆಮಂದಿಯೆಲ್ಲ ಅದನ್ನು ಬುಟ್ಟಿಗೆ ತುಂಬಿ ಮತ್ತೆ ಮೇಲೆ ಹೊತ್ತು ಹಾಕುತ್ತಾರೆ. ಅಪ್ಪ ಸತ್ತ ಮೇಲೆ ಹೊಲ ಪಾಲಾಯಿತು. ಬಿಸಿಲು ಚೆನ್ನಾಗಿ ಬೀಳುತ್ತದೆಂದು ಅಣ್ಣ ಮೇಲಿನದನ್ನು ಆರಿಸಿಕೊಂಡ, ಕೆಳಗಿನದು ತಮ್ಮನಿಗೆ ಉಳಿಯಿತು. ಅಷ್ಟು ಜಾಣತನ ಅಣ್ಣನಿಗಿತ್ತು. ಜಾರಿದ ಮಣ್ಣು ಯಾರದೆಂದು ಮಾತ್ರ ಯಾರೂ ಕೇಳಿರಲಿಲ್ಲ.

ಆ ವರ್ಷ ಅಣ್ಣ ಬುಟ್ಟಿ ಹಿಡಿದು ಇಳಿದಾಗ ತಮ್ಮ ಅಡ್ಡ ನಿಂತ.

"ಏನಣ್ಣ, ಯಾರ ಹೊಲಕ್ಕೆ ಬುಟ್ಟಿ ತಂದೆ?"

"ನನ್ನ ಮಣ್ಣು ಕಣೋ. ತಗೊಂಡು ಹೋಗ್ತೀನಿ."

"ನಿನ್ನದಾಗಿದ್ರೆ ನಿನ್ನ ಹತ್ರಾನೇ ಇರ್ತಿತ್ತು. ನಾನೇನು ಕರೆದಿದ್ನಾ?"

ಅಂಗಳದಲ್ಲಿ ಬೀಜದ ಆಲೂಗಡ್ಡೆ ಆರಿಸುತ್ತಿದ್ದ ಅಮ್ಮ ತಲೆ ಎತ್ತಲಿಲ್ಲ. "ಕಿತ್ತಾಡಿ, ಕಿತ್ತಾಡಿ. ಇಬ್ಬರನ್ನೂ ಹೆತ್ತೆನಲ್ಲ, ನನಗೆ ಬುದ್ಧಿ ಇಲ್ಲ."

ಅಣ್ಣ ಬರಿ ಬುಟ್ಟಿಯೊಂದಿಗೆ ಹತ್ತಿದ. ಮೇಲೆ ಉಳಿದದ್ದು ಸ್ವಾಭಿಮಾನ ಮತ್ತು ಬಂಡೆ. ಗುದ್ದಲಿ ಹಾಕಿದಲ್ಲೆಲ್ಲ ಠಣ್ ಎನ್ನುತ್ತಿತ್ತು. ಹದ ಹೋಗುವುದರೊಳಗೆ ಆಲೂಗಡ್ಡೆ ಊರದಿದ್ದರೆ ಚಳಿಗಾಲಕ್ಕೆ ಮಕ್ಕಳಿಗೆ ಊಟವಿಲ್ಲ. ಹೆಂಡತಿ ಕೊನೆಗೆ ಹೇಳಿದಳು:

"ಹೋಗಿ ಕಾಲು ಹಿಡೀರಿ. ಬೆಳೇಲಿ ಅರ್ಧ ಕೊಡ್ತೀವಿ ಅನ್ನಿ. ಮರ್ಯಾದೇನ ಬೇಯಿಸಿ ಬಡಿಸೋಕಾಗಲ್ಲ."

ಕೆಳಗೆ ತಮ್ಮನ ಐಶ್ವರ್ಯಕ್ಕೆ ಭಾರ ಬರುತ್ತಿತ್ತು. ಎರಡು ಹೊಲದ ಮಣ್ಣು ಅಕಾಲದ ಮಳೆ ಕುಡಿದು, ಹೊಲದ ಕೆಳ ಅಂಚಿನ ಗಾರೆಯಿಲ್ಲದ ಕಲ್ಲುಗೋಡೆಗೆ ಒರಗಿ ಕೂತಿತ್ತು. ಗೋಡೆ ಹೊಟ್ಟೆ ಬಿಟ್ಟಿತ್ತು. ಅದರ ಬುಡದಲ್ಲೇ ಕೊಟ್ಟಿಗೆ. ಕೊಟ್ಟಿಗೆಯಲ್ಲಿ ಹಸು.

ಒಂದು ಬೆಳಗ್ಗೆ ಇಬ್ಬರೂ ದಾರಿಯಲ್ಲಿ ಎದುರಾದರು. ಅಣ್ಣ ಕಾಲು ಹಿಡಿಯಲೆಂದೇ ಇಳಿಯುತ್ತಿದ್ದ. ಮಾತು ತೆಗೆಯಲೆಂದು ಕೆಮ್ಮಿದ. ಅಷ್ಟರಲ್ಲಿ ತಮ್ಮ ಬಾಯಿ ಬಿಟ್ಟ.

"ಅಣ್ಣಾ, ನಿನ್ನ ಮಣ್ಣು ತಗೊಂಡು ಹೋಗು. ಗೋಡೆ ಬೀಳೋ ಹಾಗಿದೆ."

ಅಣ್ಣ ನಿಧಾನವಾಗಿ ಕೆಮ್ಮು ಮುಗಿಸಿದ. "ಯಾವ ಮಣ್ಣೋ? ನಿನ್ನ ಹೊಲದ ಮಣ್ಣು ಹೊರೋಕೆ ನನಗೇನು ಹುಚ್ಚಾ?"

"ನಾನೇ ಹೊತ್ತು ಹಾಕ್ತೀನಿ, ಆಯ್ತಾ?"

"ನೋಡೋಣ. ನಿಮ್ಮತ್ತಿಗೇನ ಒಂದು ಮಾತು ಕೇಳಬೇಕು."

ಅತ್ತಿಗೆಯನ್ನು ಕೇಳುವ ಮೊದಲೇ ತಮ್ಮನೂ ಅವನ ಹೆಂಡತಿಯೂ ಬುಟ್ಟಿ ಹೊತ್ತು ಏದುಸಿರು ಬಿಡುತ್ತ ಹತ್ತತೊಡಗಿದರು. ಅಣ್ಣ ಹೊಲದ ಅಂಚಿನಲ್ಲಿ ಕೂತು ಪ್ರತಿ ಬುಟ್ಟಿಯಲ್ಲೂ ಕೈಯಾಡಿಸಿ ನೋಡಿದ.

"ಬರೀ ಕಲ್ಲೇ ಇದೆಯಲ್ಲೋ. ಜರಡಿ ಹಿಡಿದು ತರಬಾರದಾ?"

ತಮ್ಮ ಹಲ್ಲು ಕಚ್ಚಿಕೊಂಡು ಇಳಿದ. ಅಣ್ಣನ ಹೆಂಡತಿ ಬಂದು ಗಂಡನ ಮಡಿಲಿಗೆ ಖಾಲಿ ಬುಟ್ಟಿ ಎಸೆದಳು.

"ಸಾಕು ದೊಡ್ಡಸ್ತಿಕೆ, ಏಳ್ರೀ. ಗೋಡೆ ಬಿದ್ರೆ ಅವರ ಹಸು ಸಾಯುತ್ತೆ. ನಿಮ್ಮ ಮಕ್ಕಳು ಕುಡಿಯೋದು ಅದರ ಹಾಲೇ."